ಸಾಕ್ಷಿ ಹೇಳಿ ಮುಗಿಸಲಿ

ನಮ್ಮ ಆಫೀಸಿಗೆ ಬರುವ ಜೂನಿಯರ್‌ಗಳಿಗೆ ನಾನು ಪದೇ ಪದೇ ಹೇಳುವುದು ಇದನ್ನೇ. ಸಾಕ್ಷಿ ಸುಳ್ಳು ಹೇಳುತ್ತಿದ್ದಾನೆ ಅಂತ ಗೊತ್ತಾದ ಕೂಡಲೇ ಅವನ ಮೇಲೆ ಬೀಳಬೇಡಿ. ಪೂರ್ತಿ ಹೇಳಲು ಬಿಡಿ. ಹೀಗೆ ಹೇಳುವಾಗೆಲ್ಲ ನನಗೆ ನೆನಪಾಗುವುದು ಅಬ್ರಹಾಂ ಲಿಂಕನ್.

ಲಿಂಕನ್ ಶಾಲೆಗೆ ಹೋದದ್ದು ಎಲ್ಲ ಸೇರಿ ಒಂದು ವರ್ಷವೂ ಇಲ್ಲ. ಎರವಲು ತಂದ ಪುಸ್ತಕ ಓದಿಕೊಂಡೇ 1836ರಲ್ಲಿ ವಕೀಲರಾದರು. ಅಷ್ಟರಲ್ಲಾಗಲೇ ಇಲಿನಾಯ್ ರಾಜ್ಯದ ಶಾಸಕರೂ ಆಗಿದ್ದರು. ಆಮೇಲೆ ಒಂದು ಅವಧಿಗೆ ಅಮೆರಿಕದ ಸಂಸತ್ತಿಗೆ ಹೋಗಿ, 1849ರಲ್ಲಿ ಮತ್ತೆ ಕೋರ್ಟಿಗೇ ಮರಳಿದರು.

1858ರ ಮೇ ತಿಂಗಳು, ಬಿಯರ್ಡ್ಸ್‌ಟೌನ್ ಕೋರ್ಟು. ಡಫ್ ಆರ್ಮ್‌ಸ್ಟ್ರಾಂಗ್ ಎಂಬ ಹುಡುಗನ ಮೇಲೆ ಕೊಲೆ ಕೇಸು. ಲಿಂಕನ್ ಬಡತನದಲ್ಲಿದ್ದಾಗ ಅವನ ತಾಯಿ ಹ್ಯಾನಾ ಊಟ ಹಾಕಿದ್ದರು, ಹರಿದ ಬಟ್ಟೆ ಹೊಲಿದು ಕೊಟ್ಟಿದ್ದರು. ಲಿಂಕನ್ ಫೀಸು ಮುಟ್ಟಲಿಲ್ಲ.

ಮುಖ್ಯ ಸಾಕ್ಷಿ ಚಾರ್ಲ್ಸ್ ಅಲೆನ್. ರಾತ್ರಿ ಹನ್ನೊಂದರ ಹೊತ್ತಿಗೆ, ಸುಮಾರು 150 ಅಡಿ ದೂರದಿಂದ, ಡಫ್ ಹೊಡೆದದ್ದನ್ನು ನೋಡಿದೆ ಅಂದ. ಕತ್ತಲಲ್ಲಿ ಹೇಗೆ ಕಂಡಿತು? ಚಂದ್ರ ಮೇಲೆ ಇದ್ದ, ಬೆಳದಿಂಗಳಿತ್ತು ಅಂದ. ಲಿಂಕನ್ ಜಗಳಕ್ಕೆ ಇಳಿಯಲಿಲ್ಲ. ಬೆಳದಿಂಗಳ ಮಾತನ್ನೇ ಅವನ ಬಾಯಲ್ಲಿ ಮತ್ತೆ ಮತ್ತೆ ಹೇಳಿಸಿದರು. ಆಮೇಲೆ 1857ರ ಪಂಚಾಂಗ ತೆಗೆದರು. ಹೊಡೆದಾಟ ನಡೆದ ಆಗಸ್ಟ್ 29ರ ರಾತ್ರಿ ಆ ಹೊತ್ತಿಗೆ ಚಂದ್ರ ಮುಳುಗುವ ಹಂತದಲ್ಲಿದ್ದ! ಡಫ್ ಬಿಡುಗಡೆಯಾದ. ಅಲೆನ್ ಮೊದಲ ಸಲ ಹೇಳಿದಾಗಲೇ ಪಂಚಾಂಗ ತೆಗೆದಿದ್ದರೆ, 'ಸರಿಯಾಗಿ ನೆನಪಿಲ್ಲ' ಅಂತ ಅವನು ಸುಮ್ನೆ ಜಾರಿಕೊಳ್ಳುತ್ತಿದ್ದ, ಅಲ್ವಾ?

ಲಿಂಕನ್ ಹಿಡಿದ ಕೇಸುಗಳೆಲ್ಲ ಇಂಥವಲ್ಲ. 1847ರಲ್ಲಿ ಗುಲಾಮರ ಮಾಲೀಕ ಮ್ಯಾಟ್ಸನ್ ಪರ ವಾದಿಸಿದ್ದರು. ಒಬ್ಬ ತಾಯಿ ಮತ್ತು ಅವಳ ಮಕ್ಕಳನ್ನು ಅವನಿಗೆ ವಾಪಸ್ ಕೊಡಿಸುವ ಕೇಸು ಅದು. ಲಿಂಕನ್ ಸೋತರು, ಅವರೆಲ್ಲ ಸ್ವತಂತ್ರರಾದರು. 'ಕಕ್ಷಿದಾರ ಯಾರೇ ಆಗಲಿ ವಾದಿಸುವುದು ನಮ್ಮ ಕೆಲಸ' ಅಂತ ನಾವು ವಕೀಲರು ಹೇಳುತ್ತೇವೆ. ಈ ಕೇಸಿನ ಮುಂದೆ ನನಗೆ ಆ ಮಾತು ಸಾಲುವುದಿಲ್ಲ.

1854ರಲ್ಲಿ ಹೊಸ ಪ್ರದೇಶಗಳಿಗೂ ಗುಲಾಮಗಿರಿ ಹಬ್ಬಲು ದಾರಿ ಮಾಡುವ ಕಾನೂನು ಬಂತು. ಅದನ್ನು ತಂದವರು ಸೆನೆಟರ್ ಡಗ್ಲಸ್. ಲಿಂಕನ್ ಮತ್ತೆ ರಾಜಕೀಯಕ್ಕೆ ಇಳಿದರು. 1858ರ ಸೆನೆಟ್ ಚುನಾವಣೆಯಲ್ಲಿ ಡಗ್ಲಸ್ ಎದುರೇ ನಿಂತು ಸೋತರು.

ನನಗೆ ಜಾಸ್ತಿ ಇಷ್ಟವಾಗುವುದು 1860ರ ಫೆಬ್ರವರಿ 27ರ ನ್ಯೂಯಾರ್ಕ್ ಭಾಷಣ. ಹೊಸ ಪ್ರದೇಶಗಳ ಗುಲಾಮಗಿರಿಯ ಪ್ರಶ್ನೆ ನಮಗಿಂತ ಸಂವಿಧಾನ ಮಾಡಿದ ನಮ್ಮ ಹಿರಿಯರಿಗೇ ಚೆನ್ನಾಗಿ ಅರ್ಥವಾಗಿತ್ತು ಅಂತ ಡಗ್ಲಸ್ ಹೇಳಿದ್ದರು. ಲಿಂಕನ್ ಅದನ್ನು ಪೂರ್ತಿ ಒಪ್ಪಿಕೊಂಡರು. ಒಪ್ಪಿಕೊಂಡು ಕಡತ ಬಿಚ್ಚಿದರು. ಸಂವಿಧಾನಕ್ಕೆ ಸಹಿ ಹಾಕಿದವರು 39 ಮಂದಿ. ಯಾರು ಯಾವ ವರ್ಷ ಯಾವ ಮಸೂದೆಗೆ ಮತ ಹಾಕಿದರು ಅಂತ ಒಬ್ಬೊಬ್ಬರದನ್ನೇ ಓದುತ್ತಾ ಹೋದರು. ಹೊಸ ಪ್ರದೇಶಗಳಲ್ಲಿ ಗುಲಾಮಗಿರಿಯನ್ನು ತಡೆಯುವ ಅಧಿಕಾರ ಕೇಂದ್ರಕ್ಕಿದೆ ಎಂಬಂತೆ ನಡೆದುಕೊಂಡವರು 21 ಮಂದಿ ಇದ್ದರು.

ಡಗ್ಲಸ್ ಕರೆದ ಸಾಕ್ಷಿಗಳೇ ಲಿಂಕನ್ ಪರ ಸಾಕ್ಷಿ ಹೇಳಿದ್ದರು. ಆ ನವೆಂಬರ್‌ನಲ್ಲಿ ಡಗ್ಲಸ್ ಅವರನ್ನೂ ಸೋಲಿಸಿ ಲಿಂಕನ್ ಅಧ್ಯಕ್ಷರಾಗಿ ಆಯ್ಕೆಯಾದರು.