ಕಾನ್‌ನಲ್ಲಿ ಗೆದ್ದ ಮೇಲೂ ಒಂಬತ್ತು ವರ್ಷ ಸಿನಿಮಾ ಇಲ್ಲ, ರೇಮಂಡ್ ರೆಡ್ ಏನ್ ಮಾಡ್ತಿದ್ರು?

ಓದುಗರ ಪ್ರಶ್ನೆ: ಫಿಲಿಪೀನ್ಸ್‌ನ ರೇಮಂಡ್ ರೆಡ್ 2000ದಲ್ಲೇ ಕಾನ್ ಫಿಲ್ಮ್ ಫೆಸ್ಟಿವಲ್‌ನಲ್ಲಿ ಪಾಮ್ ದೋರ್ ತಗೊಂಡವ್ರು. ಆದ್ರೆ ಅದಾದ್ಮೇಲೆ ಅವರ ಫುಲ್ ಲೆಂತ್ ಸಿನಿಮಾ ಬಂದಿದ್ದು 2009ರಲ್ಲಿ. ಅಷ್ಟು ದೊಡ್ಡ ಪ್ರಶಸ್ತಿ ಬಂದ್ರೂ ಪ್ರೊಡ್ಯೂಸರ್‌ಗಳು ಯಾರೂ ಬರ್ಲಿಲ್ವಾ? ಇಂಥ ಇಂಡಿಪೆಂಡೆಂಟ್ ಡೈರೆಕ್ಟರ್‌ಗಳು ಸಂಸಾರ ಹೆಂಗೆ ನಡೆಸ್ತಾರೆ?

ಉತ್ತರ: ಒಂದೇ ಮಾತಲ್ಲಿ ಹೇಳ್ಬೇಕಂದ್ರೆ ಟಿವಿ ಜಾಹೀರಾತು. ರೆಡ್ ಜಾಹೀರಾತು ಡೈರೆಕ್ಟ್ ಮಾಡ್ತಾರೆ, ಕ್ಯಾಮೆರಾ ಕೆಲಸನೂ ಮಾಡ್ತಾರೆ, ಮನೆ ನಡೆದಿದ್ದು ಅದ್ರಿಂದ. ಆದ್ರೆ ಇಷ್ಟಕ್ಕೇ ಬಿಟ್ರೆ ಪ್ರಶ್ನೆಗೆ ಅರ್ಧ ಉತ್ತರನೂ ಆಗಲ್ಲ, ಯಾಕಂದ್ರೆ ಅವರು ಯಾಕೆ ಹಂಗೇ ಬದುಕಿದ್ರು, ದುಡ್ಡು ಬರೋ ಸಿನಿಮಾಗಳ ಕಡೆ ಯಾಕೆ ಹೋಗ್ಲಿಲ್ಲ ಅನ್ನೋದು ಅವರು ಎಲ್ಲಿಂದ ಶುರು ಮಾಡಿದ್ರು ಅಂತ ನೋಡಿದ್ರೇನೇ ಗೊತ್ತಾಗೋದು.

ರೆಡ್ ಹುಟ್ಟಿದ್ದು 1965ರಲ್ಲಿ. ಅದೇ ವರ್ಷ ಕೊಡಾಕ್ ಕಂಪನಿ ಸೂಪರ್ 8 ಅನ್ನೋ ಫಿಲ್ಮನ್ನ ಮಾರ್ಕೆಟ್‌ಗೆ ಬಿಟ್ಟಿತ್ತು, ಮನೆಮಂದಿ ಮದುವೆ ಮುಂಜಿ ಟೂರು ಅಂತ ತೆಗೆದಿಟ್ಕೊಳ್ಳಲಿ ಅಂತ. ಇವರಿಬ್ಬರೂ ಒಬ್ಬರಿಗೊಬ್ಬರು ಸಿಕ್ಕಿದ್ದು ಎಂಬತ್ತರ ದಶಕದ ಶುರುವಿನಲ್ಲಿ. ರೆಡ್ ಓದಿದ್ದು ಮಕಿಲಿಂಗ್ ಬೆಟ್ಟದ ಮೇಲಿರೋ ಫಿಲಿಪೀನ್ ಹೈಸ್ಕೂಲ್ ಫಾರ್ ದ ಆರ್ಟ್ಸ್‌ನಲ್ಲಿ, ಅಲ್ಲಿ ಚಿತ್ರಕಲೆ ಕಲಿತು ಆಮೇಲೆ ಹದಿಹರೆಯದಲ್ಲೇ ಸೂಪರ್ 8 ಕ್ಯಾಮೆರಾ ಹಿಡಿದುಬಿಟ್ರು. ಮೊದಮೊದಲ ಕಿರುಚಿತ್ರಗಳಲ್ಲಿ ಒಂದು 'ಆಂಗ್ ಮಗ್‌ಪಕೈಲನ್‌ಮನ್', ಹಳೇ ಮೂಕಿ ಚಿತ್ರದ ಧಾಟಿಯಲ್ಲಿ ಮಾಡಿದ್ದು.

ಸೂಪರ್ 8 ಅಂದ್ರೆ ಏನು ಅಂತ ಸ್ವಲ್ಪ ಹೇಳ್ಬೇಕು, ಮೊಬೈಲಲ್ಲಿ ಗಂಟೆಗಟ್ಲೆ ವಿಡಿಯೋ ತೆಗೆಯೋ ನಮಗೆ ಅದರ ಕಷ್ಟ ಕಣ್ಮುಂದೆ ಬರಲ್ಲ. ಫಿಲ್ಮಿನ ಅಗಲ 8 ಮಿಲಿಮೀಟರ್, ಕಿರುಬೆರಳಿನ ಉಗುರಿನಷ್ಟು. ಒಂದು ಪ್ಲಾಸ್ಟಿಕ್ ಡಬ್ಬಿಯೊಳಗೆ 50 ಅಡಿ ಉದ್ದದ ಸುರುಳಿ ಇರತ್ತೆ, ಸೆಕೆಂಡಿಗೆ 18 ಫ್ರೇಮ್ ಲೆಕ್ಕದಲ್ಲಿ ಓಡಿಸಿದ್ರೆ 3 ನಿಮಿಷ 20 ಸೆಕೆಂಡ್, ಸಿನಿಮಾ ಥರ 24 ಫ್ರೇಮ್ ಓಡಿಸಿದ್ರೆ ಬರೀ ಎರಡೂವರೆ ನಿಮಿಷ, ಅಷ್ಟೇ, ಖಾಲಿ. ಇನ್ನೊಂದು ವಿಷ್ಯ ಏನಂದ್ರೆ ಇದರಲ್ಲಿ ಸಾಮಾನ್ಯವಾಗಿ ನೆಗೆಟಿವ್ ಅನ್ನೋದೇ ಇರಲ್ಲ, ಕ್ಯಾಮೆರಾ ಒಳಗೆ ಓಡಿದ ಫಿಲ್ಮೇ ತೊಳೆದು ಬಂದ ಮೇಲೆ ಪ್ರೊಜೆಕ್ಟರ್‌ಗೆ ಹೋಗತ್ತೆ, ಹಂಗಾಗಿ ಪ್ರತಿ ಸಲ ತೋರಿಸಿದಾಗ್ಲೂ ನಿಮ್ಮ ಹತ್ರ ಇರೋ ಒಂದೇ ಒಂದು ಕಾಪಿ ಮೇಲೆ ಗೀರು ಬೀಳ್ತಾ ಹೋಗತ್ತೆ. ಎಡಿಟಿಂಗ್ ಮಾಡೋದು ಅಂದ್ರೆ ಆ ಉಗುರಗಲದ ಪಟ್ಟಿಯನ್ನ ಬೆಳಕಿಗೆ ಹಿಡಿದು, ಕತ್ತರಿಸಿ, ಟೇಪ್ ಹಚ್ಚಿ ಜೋಡಿಸೋದು. ಹದಿನೇಳು ಹದಿನೆಂಟರ ಹುಡುಗ ಇದ್ರಲ್ಲಿ ಕತೆ ಹೇಳೋದು ಕಲೀತಾನೆ ಅಂದ್ರೆ ಒಂದು ಸೆಕೆಂಡ್ ಬೆಳಕೂ ದಂಡ ಮಾಡ್ಬಾರ್ದು ಅನ್ನೋದು ಕೈಗೇ ಬಂದುಬಿಡತ್ತೆ.

ಇವರೊಬ್ಬರೇ ಇರ್ಲಿಲ್ಲ. ಮನಿಲಾದಲ್ಲಿ ಮೋವೆಲ್‌ಫಂಡ್ ಅಂತ ಒಂದು ಸಂಸ್ಥೆ, ಸಿನಿಮಾ ಕಾರ್ಮಿಕರ ಕ್ಷೇಮನಿಧಿ ಅನ್ನಿ, 1974ರಲ್ಲಿ ಅದನ್ನ ಕಟ್ಟಿದ್ದು ಆಗಿನ ಫೇಮಸ್ ಹೀರೋ ಜೋಸೆಫ್ ಎಸ್ಟ್ರಾಡಾ. ಅದರ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ವರ್ಕ್‌ಶಾಪ್‌ಗಳು ನಡೀತಿದ್ವು, ಜರ್ಮನಿಯ ಗೋಥೆ ಇನ್‌ಸ್ಟಿಟ್ಯೂಟೂ ಕೈ ಜೋಡಿಸಿತ್ತು (ನಮ್ಮ ಬೆಂಗಳೂರಲ್ಲಿ ಮ್ಯಾಕ್ಸ್ ಮುಲ್ಲರ್ ಭವನ ಅಂತಾರಲ್ಲ, ಅದೇ ಸಂಸ್ಥೆ). ಹೊರಗೆ ಸರ್ವಾಧಿಕಾರಿ ಫರ್ಡಿನಾಂಡ್ ಮಾರ್ಕೋಸ್ ಆಡಳಿತದ ಕೊನೇ ವರ್ಷಗಳು, 1986ರ ಫೆಬ್ರವರಿಯಲ್ಲಿ ಎಡ್ಸಾ ರಸ್ತೆ ತುಂಬಾ ಲಕ್ಷಾಂತರ ಜನ ಸೇರಿ ಮಾರ್ಕೋಸ್ ದೇಶ ಬಿಟ್ಟು ಹೋಗ್ಬೇಕಾಯ್ತು. ಸಿನಿಮಾ ಹುಚ್ಚು ಹಿಡಿದ ಹುಡುಗರ ಗುಂಪು ಆ ದಿನಗಳನ್ನ ಹೆಂಗೆ ಕಳೀತು ಅಂತ ರೆಡ್ ಎಷ್ಟೋ ವರ್ಷ ಆದ್ಮೇಲೆ, 2015ರಲ್ಲಿ, 'ಮಗಾ ರೆಬೆಲ್ದೆಂಗ್ ಮೈ ಕಾಸೊ' ಅಂತ ಸಿನಿಮಾನೇ ಮಾಡಿದ್ರು.

ಈಗ ದುಡ್ಡಿನ ವಿಷ್ಯಕ್ಕೆ ಬರೋಣ. ರೆಡ್ ಮೊದಲ ಎರಡು ಫೀಚರ್ ಸಿನಿಮಾಗೆ ಕೈ ಹಾಕಿದ್ದೇ ಇತಿಹಾಸಕ್ಕೆ. 1992ರ 'ಬಯಾನಿ' ಸ್ಪೇನ್ ವಿರುದ್ಧ ಎದ್ದ ಆಂಡ್ರೆಸ್ ಬೊನಿಫಾಸಿಯೊ ಕುರಿತು, 1993ರ 'ಸಕಾಯ್' ಅಮೆರಿಕದ ವಿರುದ್ಧ ಹೋರಾಡಿದ ಮಕಾರಿಯೊ ಸಕಾಯ್ ಕುರಿತು. ಬೊನಿಫಾಸಿಯೊನನ್ನ 1897ರಲ್ಲಿ ಕೊಂದಿದ್ದು ತನ್ನದೇ ಕ್ರಾಂತಿಯ ಇನ್ನೊಂದು ಬಣದವರು. ಸಕಾಯ್‌ಗೆ ಕ್ಷಮಾದಾನ ಕೊಡ್ತೀವಿ ಅಂತ ನಂಬಿಸಿ ಬೆಟ್ಟದಿಂದ ಇಳಿಸಿ, ಹಿಡಿದು, 1907ರಲ್ಲಿ ಗಲ್ಲಿಗೇರಿಸಿದ್ರು, ಡಕಾಯಿತ ಅನ್ನೋ ಹಣೆಪಟ್ಟಿ ಬೇರೆ. ಸಕಾಯ್ ಮತ್ತು ಅವನ ಜೊತೆಗಾರರ ಒಂದು ಗ್ರೂಪ್ ಫೋಟೋ ಉಳಿದಿದೆ, ಭುಜದ ಮೇಲೆ ಇಳಿಬಿದ್ದ ಉದ್ದ ಕೂದಲು, ನೇರವಾಗಿ ಕ್ಯಾಮೆರಾನೇ ನೋಡೋ ಕಣ್ಣು, ಆ ಫೋಟೋ ಒಂದ್ಸಲ ನೋಡಿದ್ರೆ ಮರೆಯೋಕಾಗಲ್ಲ. ಇಂಥ ಸಿನಿಮಾಗೆ ಹಳೇ ಕಾಲದ ಬಟ್ಟೆ ಬೇಕು, ಬಂದೂಕು ಬೇಕು, ಕರೆಂಟ್ ಕಂಬ ಕಾಣದ ಜಾಗ ಬೇಕು, ಎಲ್ಲಕ್ಕೂ ದುಡ್ಡು. 'ಬಯಾನಿ'ಗೆ ದುಡ್ಡು ಬಂದಿದ್ದು ಜರ್ಮನಿಯ ಜೆಡ್‌ಡಿಎಫ್ ಟಿವಿ ಚಾನೆಲ್‌ನಿಂದ. ತನ್ನ ದೇಶದ ವೀರನ ಕತೆ ಹೇಳೋಕೆ ಇನ್ನೊಂದು ಖಂಡದ ಟಿವಿಯವರ ಹತ್ರ ಹೋಗ್ಬೇಕಾಯ್ತು, ಇದು ನನಗೆ ಈಗ್ಲೂ ಸಂಕಟ ಆಗೋ ವಿಷ್ಯ.

ಅದೇ ತೊಂಬತ್ತರ ದಶಕದ ಕೊನೆಗೆ ಮನಿಲಾದ ಕಮರ್ಷಿಯಲ್ ಸಿನಿಮಾದವರು ಹೊಸಬರಿಗೆ ಒಂದು ದಾರಿ ತೆಗೆದಿದ್ರು, 'ಪಿತೊ-ಪಿತೊ' ಅಂತ ಅದರ ಹೆಸರು, ಅಂದ್ರೆ ಏಳು-ಏಳು. ಏಳು ದಿನ ತಯಾರಿ, ಏಳು ದಿನ ಶೂಟಿಂಗ್, ಏಳು ದಿನ ಎಡಿಟಿಂಗು ಇತ್ಯಾದಿ, ಸಿನಿಮಾ ರೆಡಿ! ಎಷ್ಟೋ ಸಲ ಇಷ್ಟು ದಿನನೂ ಸಿಗ್ತಿರ್ಲಿಲ್ಲ, ಕೆಲಸ ಮಾಡೋರ ಮೈ ಹಿಂಡಿ ಹಿಪ್ಪೆ ಆಗ್ತಿತ್ತು. ಅಲ್ಲಿನ ಇನ್ನೊಬ್ಬ ಡೈರೆಕ್ಟರ್ ಲಾವ್ ಡಿಯಾಜ್ ಶುರು ಮಾಡಿದ್ದು ಇದೇ ದಾರೀಲಿ, 1998ರಲ್ಲಿ, ಆಮೇಲೆ ಅದನ್ನ ಪೂರ್ತಿ ಬಿಟ್ಟು ಎಂಟು ಗಂಟೆ ಹತ್ತು ಗಂಟೆ ಉದ್ದದ ಸಿನಿಮಾ ಮಾಡಿ 2016ರಲ್ಲಿ ವೆನಿಸ್ ಫಿಲ್ಮ್ ಫೆಸ್ಟಿವಲ್‌ನ ದೊಡ್ಡ ಪ್ರಶಸ್ತಿ ಗೋಲ್ಡನ್ ಲಯನ್ ತಗೊಂಡ್ರು. ರೆಡ್ ಆ ಕಡೆ ಹೋಗ್ಲಿಲ್ಲ. ದುಡಿಮೆ ಜಾಹೀರಾತಿನಲ್ಲಿ, ಸಿನಿಮಾ ಬರೀ ತನಗೆ ಅನ್ಸಿದ್ದು ಮಾತ್ರ. ಮೂವತ್ತು ಸೆಕೆಂಡಿನ ಜಾಹೀರಾತು ಅಂದ್ರೆ ಒಳ್ಳೇ ಲೆನ್ಸು, ಒಳ್ಳೇ ಲೈಟು, ಹೊಸ ಹೊಸ ಕ್ಯಾಮೆರಾ ಕೈಗೆ ಸಿಗತ್ತೆ, ಬೇರೆಯವರ ಖರ್ಚಲ್ಲಿ ಕೈ ಪಳಗತ್ತೆ, ಸೂಪರ್ 8ರಲ್ಲಿ ಎರಡೂವರೆ ನಿಮಿಷಕ್ಕೆ ಕತೆ ಅಳೆದು ಕಲಿತವನಿಗೆ ಮೂವತ್ತು ಸೆಕೆಂಡ್ ಏನೂ ಹೊಸದಲ್ಲ. ಕೆಲವರು ಇದನ್ನ ರಾಜಿ ಅಂತಾರೆ, ನಾನು ಒಪ್ಪಲ್ಲ. ಅವರ ಸಿನಿಮಾಗಳಲ್ಲಿ ಒಂದು ಶಾಟ್ ಕೂಡ ಯಾರನ್ನೋ ಮೆಚ್ಚಿಸೋಕೆ ಇಟ್ಟಿದ್ದು ಅಂತ ನನಗೆ ಅನ್ಸಿಲ್ಲ, ಆ ಸ್ವಾತಂತ್ರ್ಯ ಬಂದಿದ್ದೇ ಜಾಹೀರಾತಿನ ದುಡಿಮೆಯಿಂದ.

2000ದಲ್ಲಿ 'ಅನಿನೊ' ಬಂತು. ಅನಿನೊ ಅಂದ್ರೆ ತಗಲಾಗ್ ಭಾಷೆಯಲ್ಲಿ ನೆರಳು. 13 ನಿಮಿಷದ ಚಿತ್ರ, ಮನಿಲಾದ ಚರ್ಚು, ಅದರ ಸುತ್ತಲಿನ ಬೀದಿ, ಕುತ್ತಿಗೆಗೆ ಕ್ಯಾಮೆರಾ ನೇತು ಹಾಕ್ಕೊಂಡ ಒಬ್ಬ ಫೋಟೋಗ್ರಾಫರ್, ಒಂದು ದಿನದಲ್ಲಿ ಅವನಿಗೆ ಎದುರಾಗೋ ಜನ. ಫೋಟೋಗ್ರಾಫರ್ ಪಾತ್ರ ರಾನಿ ಲಜಾರೊ ಅವರದ್ದು, ಜೊತೆಗೆ ಜಾನ್ ಆರ್ಸಿಲ್ಲಾ (2021ರಲ್ಲಿ ವೆನಿಸ್‌ನಲ್ಲಿ ಬೆಸ್ಟ್ ಆಕ್ಟರ್ ಆದವರು ಇವರೇ), ಎಡ್ಡಿ ಗಾರ್ಸಿಯಾ. ಇದಕ್ಕೆ ಕಿರುಚಿತ್ರ ವಿಭಾಗದ ಪಾಮ್ ದೋರ್ ಬಂತು, ಫಿಲಿಪೀನ್ಸ್‌ಗೆ ಪಾಮ್ ದೋರ್ ಅಂತ ಬಂದಿದ್ದೇ ಅದು ಮೊದಲು. ಮೋವೆಲ್‌ಫಂಡ್ ಕಟ್ಟಿದ ಎಸ್ಟ್ರಾಡಾ ಆಗ ದೇಶದ ಅಧ್ಯಕ್ಷ.

ಪ್ರೊಡ್ಯೂಸರ್‌ಗಳು ಕ್ಯೂ ನಿಲ್ಲಲಿಲ್ವಾ ಅಂತ ಕೇಳಿದ್ರಲ್ಲ. ಕಿರುಚಿತ್ರಕ್ಕೆ ಟಿಕೆಟ್ ಮಾರೋಕಾಗಲ್ಲ, ಆ ಪ್ರಶಸ್ತಿ ನೋಡಿ ಮನಿಲಾದ ಜನ ಥಿಯೇಟರ್‌ಗೆ ಬರ್ತಾರೆ ಅನ್ನೋ ನಂಬಿಕೆ ದುಡ್ಡು ಹಾಕೋರಿಗೆ ಇರ್ಲಿಲ್ಲ. ಮೇಲಾಗಿ ಅದೇ ಹೊತ್ತಿಗೆ ಅಲ್ಲಿನ ಸಿನಿಮಾ ಉದ್ಯಮನೇ ಕುಸೀತಿತ್ತು, ಹಾಲಿವುಡ್ ಸಿನಿಮಾ ಒಂದು ಕಡೆ, ಪೈರೇಟೆಡ್ ಡಿಸ್ಕ್ ಇನ್ನೊಂದು ಕಡೆ, ಜೊತೆಗೆ ಟಿಕೆಟ್ ಮೇಲೆ 30 ಪರ್ಸೆಂಟ್‌ವರೆಗೂ ಮನರಂಜನಾ ತೆರಿಗೆ, ಅದು 10ಕ್ಕೆ ಇಳಿದಿದ್ದು 2009ರಲ್ಲಿ. ಇಂಡಿಪೆಂಡೆಂಟ್‌ಗಳಿಗೆ ಉಸಿರಾಡೋ ಜಾಗ ಸಿಕ್ಕಿದ್ದು 2005ರಲ್ಲಿ ಸಿನೆಮಲಾಯಾ ಫೆಸ್ಟಿವಲ್ ಶುರುವಾಗಿ, ಆಯ್ಕೆಯಾದ ಸ್ಕ್ರಿಪ್ಟ್‌ಗೆ 5 ಲಕ್ಷ ಪೆಸೊ ಬೀಜಧನ ಕೊಡೋಕೆ ಶುರು ಮಾಡಿದ್ಮೇಲೆ, ಡಿಜಿಟಲ್ ಕ್ಯಾಮೆರಾನೂ ಅಗ್ಗ ಆದ್ಮೇಲೆ. ರೆಡ್ ಅವರ ಸಹೋದರ ಜಾನ್ ರೆಡ್ 1999ರಲ್ಲೇ ಡಿಜಿಟಲ್‌ನಲ್ಲಿ ಪೂರ್ತಿ ಸಿನಿಮಾ ಮಾಡಿ ದಾರಿ ತೋರಿಸಿದ್ರು.

2009ರಲ್ಲಿ ಬಂದ 'ಹಿಂಪಪವಿದ್' (ಆಕಾಶ) ಕತೆಯ ಬೀಜ ಬಿದ್ದಿದ್ದು ಮಾತ್ರ 2000ದಲ್ಲೇ. ಕಾನ್ ಫೆಸ್ಟಿವಲ್ ಮುಗಿದ ವಾರದೊಳಗೆ, ಮೇ 25ಕ್ಕೆ, ದವಾವೊದಿಂದ ಮನಿಲಾಗೆ ಹೊರಟ ವಿಮಾನವನ್ನ ಒಬ್ಬ ಮುಖಕ್ಕೆ ಮುಸುಕು ಹಾಕ್ಕೊಂಡು ಹೈಜಾಕ್ ಮಾಡಿದ, ಪ್ರಯಾಣಿಕರ ಹತ್ರ ದುಡ್ಡು ಕಿತ್ಕೊಂಡ, ಆಮೇಲೆ ಕೈಯಾರೆ ಹೊಲಿದ ಪ್ಯಾರಾಚೂಟ್ ಕಟ್ಕೊಂಡು ಹಾರಿಬಿಟ್ಟ. ಕೆಲ ದಿನ ಆದ್ಮೇಲೆ ಹೆಣ ಕೆಸರಲ್ಲಿ ಹೂತು ಸಿಕ್ತು. ಪೇಪರ್‌ನವರಿಗೆ ಅದೊಂದು ವಿಚಿತ್ರ ಸುದ್ದಿ. ರೆಡ್‌ಗೆ ಕಾಡಿದ್ದು ಬೇರೆ: ಒಬ್ಬ ಮನುಷ್ಯ ಇಷ್ಟು ಹತಾಶೆಗೆ ಬೀಳೋ ಮುಂಚೆ ಆ ಊರಲ್ಲಿ ಎಷ್ಟು ಕೌಂಟರ್ ಮುಂದೆ ನಿಂತಿರ್ಬೇಕು, ಎಷ್ಟು ಸಲ ನಾಳೆ ಬಾ ಅನ್ನಿಸ್ಕೊಂಡಿರ್ಬೇಕು? ಸಿನಿಮಾದ ಹೆಚ್ಚಿನ ಭಾಗ ಆ ಅಲೆದಾಟನೇ.

ಇನ್ನು ನನಗೆ ಎಲ್ಲಕ್ಕಿಂತ ಇಷ್ಟ ಆಗಿದ್ದು 2012ರ 'ಕಮೆರಾ ಒಬ್ಸ್ಕುರಾ'. ಕತ್ತಲೆ ಕೋಣೇಲಿ ವರ್ಷಗಟ್ಲೆ ಬಂದಿಯಾದ ಒಬ್ಬ ಮನುಷ್ಯ, ಗೋಡೆಯ ಸಣ್ಣ ತೂತಿಂದ ಬರೋ ಬೆಳಕಲ್ಲಿ ಹೊರಗಿನ ಊರನ್ನ ಎದುರು ಗೋಡೆ ಮೇಲೆ ನೋಡ್ತಾ ಬದುಕ್ತಾನೆ. ಹಂಪಿಗೆ ಹೋದವರಿಗೆ ಇದನ್ನ ಬಿಡಿಸಿ ಹೇಳೋದೇ ಬೇಡ, ವಿರೂಪಾಕ್ಷ ಗುಡೀಲಿ ಗೋಪುರದ ನೆರಳು ತಲೆಕೆಳಗಾಗಿ ಗೋಡೆ ಮೇಲೆ ಬೀಳತ್ತಲ್ಲ, ಅದೇ ವಿದ್ಯೆ. ಬೆಳಕು ನೇರ ಗೆರೇಲಿ ಬರತ್ತೆ, ಮೇಲಿಂದ ಬಂದಿದ್ದು ತೂತಲ್ಲಿ ತೂರಿ ಕೆಳಗೆ, ಕೆಳಗಿಂದ ಬಂದಿದ್ದು ಮೇಲೆ, ಹಂಗಾಗಿ ಚಿತ್ರ ಉಲ್ಟಾ. ಹೆಂಚಿನ ಮನೇಲಿ ಮಧ್ಯಾಹ್ನ ಬಾಗಿಲು ಹಾಕ್ಕೊಂಡು ಮಲಗಿದಾಗ ಬೀದೀಲಿ ಹೋಗೋರು ಗೋಡೆ ಮೇಲೆ ತಲೆಕೆಳಗಾಗಿ ನಡೆಯೋದನ್ನ ನೋಡಿದವರಿಗೆ ಆ ಬಂದಿಯ ಕಣ್ಣು ಥಟ್ಟನೆ ಅರ್ಥ ಆಗತ್ತೆ.

ಇದನ್ನ ರೆಡ್ ಕಟ್ಟಿರೋದು ಎಲ್ಲೋ ಕಳೆದುಹೋಗಿ ಈಗ ಸಿಕ್ಕಿದ ಹಳೇ ಮೂಕಿ ಚಿತ್ರ ಅನ್ನೋ ಹಂಗೆ, ಸಿನಿಮಾ ಸಂಗ್ರಹಕಾರರೇ ಅದ್ರಲ್ಲಿ ಕಾಣಿಸ್ಕೋತಾರೆ. ಇದರ ಹಿಂದೆ ಒಂದು ನಿಜವಾದ ನೋವಿದೆ. ಫಿಲಿಪೀನ್ಸ್‌ನ ಮೊದಲ ಫೀಚರ್ ಸಿನಿಮಾ, 1919ರ 'ದಲಗಾಂಗ್ ಬುಕಿದ್', ಇವತ್ತು ಯಾರ ಹತ್ರನೂ ಇಲ್ಲ. ಅದನ್ನ ಮಾಡಿದ ಹೋಸೆ ನೆಪೊಮುಸೆನೊ ಮೂಲತಃ ಫೋಟೋಗ್ರಾಫರ್, ಮನಿಲಾದಲ್ಲಿದ್ದ ತನ್ನ ಫೋಟೋ ಸ್ಟುಡಿಯೋ ಮಾರಿ ಸಿನಿಮಾ ಸಾಮಾನು ಕೊಂಡವನು. ಮಹಾಯುದ್ಧಕ್ಕೆ ಮುಂಚಿನ ಅಲ್ಲಿನ ನೂರಾರು ಸಿನಿಮಾಗಳಲ್ಲಿ ಉಳಿದಿರೋದು ಬೆರಳೆಣಿಕೆಯಷ್ಟು. ಇಲ್ಲದ ಅಜ್ಜನ ಫೋಟೋವನ್ನ ನೆನಪಿಂದ ಬರೆದಂಗೆ ರೆಡ್ ಇಲ್ಲದ ಮೂಕಿ ಚಿತ್ರವೊಂದನ್ನ ತಾವೇ ಮಾಡಿಬಿಟ್ರು.

ಸಂಸಾರದ ವಿಷ್ಯ ಕೇಳಿದ್ರಲ್ಲ, ಅದನ್ನೂ ಹೇಳ್ಬಿಡ್ತೀನಿ. ಅವರ ಮಗ ಮಿಖಾಯಿಲ್ ರೆಡ್ ಕೂಡ ಡೈರೆಕ್ಟರ್, 'ಬರ್ಡ್‌ಶಾಟ್' ಆಸ್ಕರ್‌ಗೆ ಫಿಲಿಪೀನ್ಸ್ ಕಡೆಯಿಂದ ಹೋಗಿತ್ತು. ಆ ಹುಡುಗ ಇಪ್ಪತ್ತರ ಆಸುಪಾಸಿನಲ್ಲಿ, 2013ರಲ್ಲಿ, ಮಾಡಿದ ಮೊದಲ ಫೀಚರ್ 'ರೆಕಾರ್ಡರ್'. ಅದರ ಮುಖ್ಯ ಪಾತ್ರ ಎಂಬತ್ತರ ದಶಕದಲ್ಲಿ ಸಿನಿಮಾಗಳಿಗೆ ಕ್ಯಾಮೆರಾ ಹಿಡೀತಿದ್ದ ಒಬ್ಬ ಕ್ಯಾಮೆರಾಮನ್. ಈಗ ಕೆಲಸ ಇಲ್ಲ, ಥಿಯೇಟರ್ ಕತ್ತಲಲ್ಲಿ ಕೂತು ಬೇರೆಯವರ ಸಿನಿಮಾನ ಕದ್ದು ವಿಡಿಯೋ ಮಾಡ್ಕೊಂಡು ಪೈರಸಿಯವರಿಗೆ ಕೊಟ್ಟು ಹೊಟ್ಟೆ ಹೊರೀತಾನೆ.