ಸೆಪ್ಟೆಂಬರ್ 22 ಪ್ರತಿ ವರ್ಷವೂ ಗುರುವಾರವೇ ಏಕೆ?

ಪ್ರಶ್ನೆ: ಟೋಲ್ಕಿನ್ ಅವರ ‘ದ ಲಾರ್ಡ್ ಆಫ್ ದ ರಿಂಗ್ಸ್’ ಕಥೆಯಲ್ಲಿ ಹಾಬಿಟ್‌ಗಳೆಂಬ ಕುಳ್ಳ ಜನರ ನಾಡಾದ ಶೈರ್‌ನಲ್ಲಿ ಯಾವುದೇ ತಾರೀಖು ಪ್ರತಿ ವರ್ಷ ಅದೇ ವಾರಕ್ಕೆ ಬರುತ್ತದಂತೆ. ನಮ್ಮಲ್ಲಿ ಆಗದ್ದು ಅಲ್ಲಿ ಹೇಗಾಯಿತು? ಅಲ್ಲಿನ ವರ್ಷವೇ ಬೇರೆಯೋ?

ಉತ್ತರ: ವರ್ಷ ಬೇರೆಯಲ್ಲ. ಕಾದಂಬರಿಯ ಕೊನೆಯ ಅನುಬಂಧವೊಂದರಲ್ಲಿ ಟೋಲ್ಕಿನ್ ಅದರ ಅಳತೆಯನ್ನೂ ಕೊಟ್ಟಿದ್ದಾರೆ: 365 ದಿನ, 5 ಗಂಟೆ, 48 ನಿಮಿಷ, 46 ಸೆಕೆಂಡು. ಎರಡು ಸೂರ್ಯ, ಮೂರು ಚಂದ್ರ ಎಂದು ಬರೆದು ಕೈತೊಳೆದುಕೊಳ್ಳುವ ದಾರಿಯನ್ನು ಅವರು ಹಿಡಿಯಲಿಲ್ಲ. ನಮ್ಮದೇ ಭೂಮಿ, ನಮ್ಮದೇ ಸೂರ್ಯ, ನಮ್ಮದೇ ತೊಡಕು.

ತೊಡಕು ಏನೆಂದರೆ, 365ನ್ನು 7ರಿಂದ ಭಾಗಿಸಿದರೆ ಒಂದು ದಿನ ಉಳಿಯುತ್ತದೆ. ಆ ಒಂದು ದಿನವೇ ಪ್ರತಿ ವರ್ಷ ವಾರವನ್ನು ಮುಂದಕ್ಕೆ ತಳ್ಳುತ್ತದೆ. ನಮ್ಮಲ್ಲಿ ಸೆಪ್ಟೆಂಬರ್ 22 ಎಂಬುದು 2022ರಲ್ಲಿ ಗುರುವಾರ, 2023ರಲ್ಲಿ ಶುಕ್ರವಾರ; ಅಧಿಕ ವರ್ಷವಾದ 2024ರಲ್ಲಿ ಶನಿವಾರವನ್ನು ಹಾರಿ ಭಾನುವಾರ.

ಹಾಬಿಟ್‌ಗಳಿಗೆ ಇದು ಅಚ್ಚುಕಟ್ಟಿಲ್ಲದ, ಕಿರಿಕಿರಿಯ ವ್ಯವಸ್ಥೆ ಎನಿಸಿತಂತೆ. ಅವರ ತಿಂಗಳು ಹನ್ನೆರಡು, ಒಂದೊಂದಕ್ಕೂ 30 ದಿನ. ಮಿಕ್ಕ ಐದು ದಿನ ಯಾವ ತಿಂಗಳಿಗೂ ಸೇರವು. ವರ್ಷದ ಕೊನೆಯ ದಿನ ಮತ್ತು ಮೊದಲ ದಿನ ‘ಯೂಲ್’ ಹಬ್ಬಕ್ಕೆ. ನಡುಬೇಸಿಗೆಯಲ್ಲಿ ಎರಡು ‘ಲೈದ್’ ದಿನಗಳು, ಅವೆರಡರ ಮಧ್ಯೆ ವರ್ಷದ ನಡುದಿನ. ಇಲ್ಲಿಯವರೆಗೆ ವಿಶೇಷವೇನಿಲ್ಲ. 30 ದಿನದ ಹನ್ನೆರಡು ತಿಂಗಳು, ಮೇಲೆ ಐದು ದಿನ ಎಂಬ ಲೆಕ್ಕ ಪ್ರಾಚೀನ ಈಜಿಪ್ಟಿನಲ್ಲಿ ಇತ್ತು. ಕ್ರಾಂತಿಯ ಕಾಲದ ಫ್ರಾನ್ಸ್ ಕೂಡ ಅದನ್ನೇ ತಂದಿತು. ಹಾಬಿಟ್‌ಗಳ ಜಾಣತನವಿರುವುದು ಆ ನಡುದಿನದಲ್ಲಿ. ಅದಕ್ಕೆ ವಾರವೇ ಇಲ್ಲವೆಂದು ಅವರು ತೀರ್ಮಾನಿಸಿದರು. ಮೊದಲ ಲೈದ್ ಶುಕ್ರವಾರ, ಮರುದಿನ ಬರೀ ನಡುದಿನ, ಅದರ ಮರುದಿನ ಶನಿವಾರ. ನಾಲ್ಕು ವರ್ಷಕ್ಕೊಮ್ಮೆ ಬರುವ ಹೆಚ್ಚುವರಿ ದಿನಕ್ಕೂ ಇದೇ ಕಟ್ಟಳೆ. ಲೆಕ್ಕಕ್ಕೆ ಉಳಿಯುವುದು 364 ದಿನ, ಅಂದರೆ ಸರಿಯಾಗಿ 52 ವಾರ. ವರ್ಷ ಯಾವಾಗಲೂ ಶನಿವಾರ ಹುಟ್ಟಿ ಶುಕ್ರವಾರ ಮುಗಿಯುತ್ತದೆ. ಕಥೆಯ ಹಾಬಿಟ್ ಬಿಲ್ಬೋ ಬ್ಯಾಗಿನ್ಸ್‌ನ ಹುಟ್ಟುಹಬ್ಬವಾದ ಸೆಪ್ಟೆಂಬರ್ 22 ಯಾವ ವರ್ಷ ನೋಡಿದರೂ ಗುರುವಾರ.

ನನಗೆ ಅತ್ಯಂತ ಇಷ್ಟವಾದ ವಿವರ ಬೇರೆ. ಈ ಪದ್ಧತಿಯಲ್ಲಿ ಯಾವ ತಿಂಗಳೂ ಶುಕ್ರವಾರ ಆರಂಭವಾಗುವುದಿಲ್ಲ. ಬೇಕಿದ್ದರೆ ಬೆರಳು ಮಡಿಸಿ ಎಣಿಸಿ ನೋಡಿ. ಹಾಗಾಗಿ ಶೈರ್‌ನಲ್ಲಿ ‘ಒಂದನೇ ತಾರೀಖು ಶುಕ್ರವಾರ’ ಎಂದರೆ ಮೊಲಕ್ಕೆ ಕೊಂಬು ಮೂಡಿದಾಗ ಎಂದಂತೆ. ಪಂಚಾಂಗ ಮಾಡಿದವರು ಅನೇಕರಿದ್ದಾರೆ, ಅದರಿಂದ ಜನರ ಬಾಯಿಗೊಂದು ತಮಾಷೆಯ ಮಾತು ಹುಟ್ಟಿಸಿದವರು ಕಡಿಮೆ. (ಅದೇ ಕಥೆಯ ಅಮರ ಜನರಾದ ಎಲ್ಫ್‌ಗಳ ಲೆಕ್ಕ ಇನ್ನೊಂದು ಬಗೆ: ವಾರಕ್ಕೆ ಆರು ದಿನ, ದಿನದ ಆರಂಭ ಸೂರ್ಯಾಸ್ತಕ್ಕೆ, 144 ವರ್ಷ ಸೇರಿದರೆ ಒಂದು ‘ಯೇನ್’. ಸಾವಿಲ್ಲದವರಿಗೆ ವರ್ಷ ತೀರಾ ಚಿಲ್ಲರೆ.)

ಇಷ್ಟು ಸುಲಭವಾದರೆ ನಾವೇಕೆ ಮಾಡಲಿಲ್ಲ? ನಾವು ಎಲ್ಲವನ್ನೂ ಮುಟ್ಟಿದ್ದೇವೆ, ವಾರವೊಂದನ್ನು ಬಿಟ್ಟು. ನಮ್ಮ ಪಂಚಾಂಗದಲ್ಲಿ ತಿಥಿ ಲೋಪವಾಗಬಹುದು, ಒಂದೇ ತಿಥಿ ಎರಡು ಸೂರ್ಯೋದಯಗಳನ್ನು ಕಾಣಬಹುದು, ಇಡೀ ತಿಂಗಳು ಅಧಿಕವಾಗಬಹುದು. ಸೋಮವಾರದ ಮರುದಿನ ಮಾತ್ರ ಮಂಗಳವಾರವೇ. ಯುರೋಪಿನಲ್ಲೂ ಹಾಗೆಯೇ: 1582ರಲ್ಲಿ ಗ್ರೆಗೋರಿಯನ್ ಕ್ಯಾಲೆಂಡರ್ ತರಲು ಹತ್ತು ತಾರೀಖುಗಳನ್ನು ಹಾರಿಸಿದರು, ಆದರೆ ಅಕ್ಟೋಬರ್ 4 ಗುರುವಾರದ ಮರುದಿನ ಅಕ್ಟೋಬರ್ 15 ಶುಕ್ರವಾರವೇ ಆಯಿತು.

ವಾರವನ್ನು ಮುಟ್ಟುವ ಪ್ರಯತ್ನ ನಡೆದಿಲ್ಲವೆಂದಲ್ಲ, ಮತ್ತು ಅದರಲ್ಲಿ ಭಾರತದ ಕೈ ದೊಡ್ಡದಿತ್ತು. ಅಮೆರಿಕದ ಎಲಿಸಬೆತ್ ಅಕೆಲಿಸ್ 1930ರಿಂದ ಪ್ರಚಾರ ಮಾಡಿದ ‘ವಿಶ್ವ ಕ್ಯಾಲೆಂಡರ್’ ಯೋಜನೆಯ ತಿರುಳು ಶೈರ್‌ನದೇ: 364 ದಿನಕ್ಕೆ ವಾರ, ವರ್ಷಾಂತ್ಯದ ಒಂದು ದಿನ ವಾರದ ಹೊರಗೆ. 1953ರಲ್ಲಿ ಇದನ್ನು ವಿಶ್ವಸಂಸ್ಥೆಯ ಮುಂದಿಟ್ಟದ್ದು ಭಾರತ. ನಮ್ಮ ರಾಷ್ಟ್ರೀಯ ಶಕ ಪಂಚಾಂಗವನ್ನು ರೂಪಿಸಿದ ಸಮಿತಿಯ ಅಧ್ಯಕ್ಷರಾಗಿದ್ದ ಖಭೌತ ವಿಜ್ಞಾನಿ ಮೇಘನಾದ ಸಹಾ 1954ರಲ್ಲಿ ಜಿನೀವಾಕ್ಕೆ ಹೋಗಿ ಅದರ ಪರವಾಗಿ ವಾದಿಸಿದರು. 1955ರಲ್ಲಿ ಅಮೆರಿಕ ಧಾರ್ಮಿಕ ಆಕ್ಷೇಪಗಳನ್ನು ಮುಂದಿಟ್ಟು ವಿರೋಧಿಸಿತು, ಯೋಜನೆ ಮೂಲೆಗೆ ಬಿತ್ತು. ಟೋಲ್ಕಿನ್ ಅವರ ಆ ಅನುಬಂಧ ಅಚ್ಚಾಗಿ ಬಂದದ್ದೂ 1955ರಲ್ಲೇ.

ಆಕ್ಷೇಪ ಹುಸಿಯಾಗಿರಲಿಲ್ಲ. ವಾರವಿಲ್ಲದ ಒಂದು ದಿನ ನಡುವೆ ನುಸುಳಿದರೆ, ಏಳು ದಿನಕ್ಕೊಮ್ಮೆ ಶನಿವಾರ ಬರುವ ಯಹೂದಿಗಳ ವಿಶ್ರಾಂತಿ ದಿನ ಸಬ್ಬತ್ ಮರುವರ್ಷ ಕ್ಯಾಲೆಂಡರಿನ ಶುಕ್ರವಾರಕ್ಕೆ ಬಂದು ನಿಲ್ಲುತ್ತದೆ, ಅದರ ಮರುವರ್ಷ ಗುರುವಾರಕ್ಕೆ, ಅಧಿಕ ವರ್ಷದಲ್ಲಿ ಇನ್ನೂ ಹಿಂದಕ್ಕೆ. ಮುಸಲ್ಮಾನರ ಜುಮಾ, ಸೋಮವಾರದ ವ್ರತ, ಶನಿವಾರದ ಉಪವಾಸ ಎಲ್ಲದಕ್ಕೂ ಇದೇ ಗತಿ. ಸಹಾ ಅವರ ಗಣಿತ ಸರಿಯಿತ್ತು. ಆದರೆ ಸಾವಿರಾರು ವರ್ಷ ಕಡಿಯದೆ ಬಂದ ಎಣಿಕೆಯನ್ನು ಜನ ಗಣಿತಕ್ಕಾಗಿ ಬಿಟ್ಟುಕೊಡುವುದಿಲ್ಲ.

ಹಾಬಿಟ್‌ಗಳಿಗೆ ಈ ಫಜೀತಿ ಇರಲಿಲ್ಲ. ಅವರಲ್ಲಿ ವಾರದ ಪೂಜೆಯಾಗಲಿ, ವ್ರತವಾಗಲಿ ಇದ್ದುದಾಗಿ ಟೋಲ್ಕಿನ್ ಹೇಳುವುದಿಲ್ಲ. ಶುಕ್ರವಾರವೇ ವಾರದ ದೊಡ್ಡ ದಿನ, ಅಂದು ರಜೆ, ಸಂಜೆ ಔತಣ. ವರ್ಷಕ್ಕೊಮ್ಮೆ ಆ ಔತಣ ಒಂದು ದಿನ ತಡವಾದರೆ ಯಾವ ದೇವರೂ ಮುನಿಯುವುದಿಲ್ಲ. ಅಲ್ಲದೆ ಆ ಒಂದು ದಿನವೇ ಬೇಸಿಗೆಯ ಹಬ್ಬವಾದ್ದರಿಂದ ಊಟಕ್ಕೇನೂ ಕೊರತೆಯಿರಲಿಲ್ಲ.