ಬಣ್ಣ ಕಳಚಿದ ಮೇಲೆ ಪಾಠ

2022ರ ಸೆಪ್ಟೆಂಬರ್‌ನಲ್ಲಿ ಅಲಿಸಿಯಾ ಎರ್ಮಿದಾ ತೀರಿಕೊಂಡಾಗ ಸ್ಪೇನಿನ ಜನರಿಗೆ ಥಟ್ಟನೆ ನೆನಪಾದದ್ದು ‘ಕ್ವೆಂತಾಮೆ’ ಧಾರಾವಾಹಿಯ ವಾಲೆಂತೀನಾ. ಅಜ್ಜಿ ಎರ್ಮಿನಿಯಾಳ ಗೆಳತಿ. ಶ್ರದ್ಧಾಂಜಲಿ ಬರಹಗಳಲ್ಲಿ ಅವರ ಹೆಸರಿನ ಪಕ್ಕ ಇನ್ನೊಂದು ಮಾತೂ ಇತ್ತು: ನಟನೆಯ ಗುರು. ಪತಿ ಹೈಮೆ ಲೊಸಾದಾ ಅವರೊಂದಿಗೆ ‘ಲಾ ಬರಾಕಾ’ ಎಂಬ ನಾಟಕ ಶಾಲೆ ಕಟ್ಟಿದವರು ಅವರು. ಟಿವಿಯಲ್ಲಿ ಪಾತ್ರ, ಶಾಲೆಯಲ್ಲಿ ಪಾಠ. ಜೀವನವಿಡೀ ಎರಡೂ ಒಟ್ಟೊಟ್ಟಿಗೆ ನಡೆದವು.

‘ನಟಿ ಮತ್ತು ಶಿಕ್ಷಕಿ’ ಎಂದು ಓದಿದ ಕೂಡಲೇ ಕಲಾಸೇವೆ, ಗುರುಪರಂಪರೆ ಮುಂತಾದ ತೂಕದ ಮಾತುಗಳು ನಾಲಿಗೆಯ ತುದಿಗೆ ಬರುತ್ತವೆ. ಸುಳ್ಳೇನಲ್ಲ. ಆದರೆ ಅದರಲ್ಲಿ ಮನೆ ಬಾಡಿಗೆಯ ಲೆಕ್ಕವೂ ಇದೆ. ಸ್ಪೇನಿನಲ್ಲಿ ಕಲಾವಿದರ ದುಡಿಮೆಯ ನಿಯಮಗಳನ್ನು ಸರಿಪಡಿಸುವ ‘ಕಲಾವಿದರ ಶಾಸನ’ದ ಹೆಸರಿನಲ್ಲಿ ವರ್ಷಗಟ್ಟಲೆ ನಡೆದ ಚರ್ಚೆಯಲ್ಲಿ ಪಿಂಚಣಿ, ನಿರುದ್ಯೋಗ ಭತ್ಯೆ, ಪದವಿ ಪತ್ರ, ತೆರಿಗೆ ಎಲ್ಲವೂ ಒಂದಕ್ಕೊಂದು ಸುತ್ತಿಕೊಂಡು, ಎಳೆ ಹುಡುಕಿದವರ ಕೈಗೆ ಗಂಟು ಸಿಗುವಂತಾಗಿದೆ. ಗಂಟು ಬಿದ್ದದ್ದೆಲ್ಲಿ ಎಂದು ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

ನಟಿಯರು ಪಾಠ ಹೇಳುವುದು ಅಲ್ಲಿ ಹೊಸದಲ್ಲ. 1831ರಲ್ಲಿ ರಾಣಿ ಮರಿಯಾ ಕ್ರಿಸ್ತೀನಾ ಹೆಸರಿನಲ್ಲಿ ಮ್ಯಾಡ್ರಿಡ್‌ನಲ್ಲಿ ಸಂಗೀತ ಶಾಲೆ ಶುರುವಾದಾಗ ಅದರೊಳಗೇ ನಟನೆಯ ಪಾಠಕ್ಕೂ ಜಾಗ ಕೊಟ್ಟರು. ಹತ್ತೊಂಬತ್ತನೆಯ ಶತಮಾನದ ದೊಡ್ಡ ನಟಿ ತೆಯೊದೋರಾ ಲಮಾದ್ರಿದ್ ಅಲ್ಲಿ ಪಾಠ ಹೇಳಿದರು. ಅವರ ಕೈಯಲ್ಲಿ ಕಲಿತ ಮರಿಯಾ ಗೆರೇರೊ ಅವರ ಹೆಸರು ಇಂದು ಮ್ಯಾಡ್ರಿಡ್‌ನ ಪ್ರಮುಖ ರಂಗಮಂದಿರವೊಂದಕ್ಕಿದೆ. ಆ ಶಾಲೆ ಶುರುವಾದ ಮೇಲಿನ ನೂರು ಚಿಲ್ಲರೆ ವರ್ಷಗಳಲ್ಲಿ ಎರಡು ಗಣರಾಜ್ಯ, ಅಂತರ್ಯುದ್ಧ, ಸರ್ವಾಧಿಕಾರ. ಎರ್ಮಿದಾ ಹುಟ್ಟಿದ 1932ರಲ್ಲೇ ಕವಿ ಫೆದೆರಿಕೊ ಗಾರ್ಸಿಯಾ ಲೋರ್ಕಾ ನೀಲಿ ಮೇಲಂಗಿ ತೊಟ್ಟ ವಿದ್ಯಾರ್ಥಿಗಳನ್ನು ಕರೆದುಕೊಂಡು ಹಳ್ಳಿಗಳಿಗೆ ನಾಟಕ ಒಯ್ದರು. ತಂಡದ ಹೆಸರು ಲಾ ಬರಾಕಾ. ನಾಲ್ಕೇ ವರ್ಷಗಳಲ್ಲಿ ಅವರ ಕೊಲೆಯಾಯಿತು. ಅದೇ ಹೆಸರನ್ನು ಮುಂದೆ ಒಂದು ಶಾಲೆಯ ಬಾಗಿಲಿಗೆ ಹಾಕಿದವರಿಗೆ ತಾವೇನು ಮಾಡುತ್ತಿದ್ದೇವೆ ಎಂಬುದು ಗೊತ್ತಿರದೆ ಇರಲಿಕ್ಕಿಲ್ಲ.

ಈ ಕಥೆಯಲ್ಲಿ ನಿಂತು ನೋಡಬೇಕಾದ ಘಟ್ಟ ಟಿವಿಯ ಮೊದಲ ಇಪ್ಪತ್ತು ವರ್ಷ. 1956ರ ಅಕ್ಟೋಬರ್ 28ರಂದು ಮ್ಯಾಡ್ರಿಡ್‌ನ ಪಸೆಯೊ ದೆ ಲಾ ಹಬಾನಾ ರಸ್ತೆಯ ಪುಟ್ಟ ಸ್ಟುಡಿಯೊದಿಂದ ಸರ್ಕಾರಿ ವಾಹಿನಿ ಟಿವಿಇ ನಿಯಮಿತ ಪ್ರಸಾರ ಆರಂಭಿಸಿತು. ಆಗ ಊರಿನಲ್ಲಿದ್ದ ಟಿವಿ ಸೆಟ್‌ಗಳು ಕೆಲವೇ ನೂರು. ನಾಟಕ ಬೇಕು, ಆದರೆ ಟಿವಿ ನಟರು ಎಂಬ ಜಾತಿಯೇ ಇನ್ನೂ ಹುಟ್ಟಿರಲಿಲ್ಲ. ಸಹಜವಾಗಿ ರಂಗಭೂಮಿಯವರನ್ನು ಕರೆದರು. ಅವರಿಗೋ ಸಂಜೆ ಒಂದು ಪ್ರದರ್ಶನ, ರಾತ್ರಿ ಊಟದ ಹೊತ್ತು ಕಳೆದ ಮೇಲೆ ಇನ್ನೊಂದು. ಬೆಳಗಿನ ಹೊತ್ತನ್ನು ಟಿವಿ ತೆಗೆದುಕೊಂಡಿತು.

ಮೊದಮೊದಲು ಎಲ್ಲವೂ ನೇರ ಪ್ರಸಾರ. ಡ್ರಾಯಿಂಗ್ ರೂಮಿನ ದೃಶ್ಯ ಮುಗಿಸಿದ ನಟಿ ಕ್ಯಾಮೆರಾ ಬೇರೆಡೆ ತಿರುಗಿದ ಗಳಿಗೆಯಲ್ಲಿ, ನೆಲದ ಮೇಲೆ ಹಾವಿನಂತೆ ಬಿದ್ದ ಕೇಬಲ್‌ಗಳನ್ನು ದಾಟಿಕೊಂಡು, ಸದ್ದಿಲ್ಲದೆ ಪಕ್ಕದ ಸೆಟ್ಟಿಗೆ ಓಡಬೇಕು. ಅಲ್ಲಿ ಏದುಸಿರು ತೋರಿಸದೆ ಕೂತಿರಬೇಕು. ಮಾತು ಮರೆತರೆ ಎದುರಿನವರು ಕಾಯಬೇಕು. ವಿಡಿಯೊ ಟೇಪ್ ಬಂದ ಮೇಲೂ ಆತಂಕ ಇಳಿಯಲಿಲ್ಲ. ಟೇಪ್ ಕತ್ತರಿಸಿ ಜೋಡಿಸುವುದು ದುಬಾರಿಯ, ತಲೆನೋವಿನ ಕೆಲಸ. ಹಾಗಾಗಿ ದೀರ್ಘ ದೃಶ್ಯಗಳನ್ನು ನಿಲ್ಲಿಸದೆ ಒಂದೇ ಏಟಿಗೆ ಚಿತ್ರೀಕರಿಸುತ್ತಿದ್ದರು. ಕೊನೆಯ ನಿಮಿಷದಲ್ಲಿ ಒಬ್ಬರು ತೊದಲಿದರೆ ಎಲ್ಲರೂ ಮೊದಲಿಗೆ ಮರಳಬೇಕು.

‘ನೊವೇಲಾ’ ಎಂಬ ಕಾರ್ಯಕ್ರಮದಲ್ಲಿ ಗಾಲ್ದೊಸ್, ಡಿಕನ್ಸ್ ಮುಂತಾದವರ ಕಾದಂಬರಿಗಳು ವಾರದ ದಿನಗಳಲ್ಲಿ ಕಂತುಕಂತಾಗಿ ಬರುತ್ತಿದ್ದವು. 1965ರಲ್ಲಿ ಶುರುವಾದ ‘ಎಸ್ತುದಿಯೊ ಉನೊ’ ವಾರಕ್ಕೊಂದು ಇಡೀ ನಾಟಕವನ್ನೇ ಮನೆಗೆ ತಂದಿತು: ಲೋಪೆ ದೆ ವೇಗಾ, ಕಾಲ್ದೆರೋನ್, ಶೇಕ್ಸ್‌ಪಿಯರ್, ಇಬ್ಸೆನ್, ಚೆಕಾಫ್. ರಂಗಮಂದಿರದ ಮೆಟ್ಟಿಲು ಹತ್ತದ ಜನ ಊಟದ ಮೇಜಿನ ಮುಂದೆ ಕೂತು ಇವುಗಳನ್ನು ನೋಡಿದರು. ಎರ್ಮಿದಾ ಇದೇ ಗರಡಿಯಲ್ಲಿ ಪಳಗಿದವರು. ಈ ವಾರ ಸೇವಕಿ, ಮುಂದಿನ ವಾರ ಮನೆಯೊಡತಿ, ಅದರ ಮುಂದಿನ ವಾರ ಹಾಸ್ಯ. ನನ್ನನ್ನು ಕೇಳಿದರೆ ಅಷ್ಟು ಬಗೆಯ ಪಾತ್ರಗಳನ್ನು ಅಷ್ಟು ಬೇಗ ಮೈಮೇಲೆ ಹಾಕಿಕೊಂಡ ತಲೆಮಾರು ಆಮೇಲೆ ಬರಲಿಲ್ಲ. ಯಾವ ಪಠ್ಯಕ್ರಮದಲ್ಲೂ ಇಲ್ಲದ ವಿದ್ಯೆ ಅದು.

ವಿಪರ್ಯಾಸವೆಂದರೆ ಟೇಪ್ ದುಬಾರಿಯಾದ್ದರಿಂದ ಅದೇ ಟೇಪಿನ ಮೇಲೆ ಮುಂದಿನ ಕಾರ್ಯಕ್ರಮ ಮುದ್ರಿಸುತ್ತಿದ್ದರು. ಎಷ್ಟೋ ಕೆಲಸ ಹಾಗೆಯೇ ಅಳಿಸಿಹೋಯಿತು. ಉಳಿದದ್ದರ ಮರುಪ್ರಸಾರಕ್ಕೆ ನಟರಿಗೆ ಪಾಲು ಸಿಗುವ ವ್ಯವಸ್ಥೆಗೆ 1987ರ ಬೌದ್ಧಿಕ ಸ್ವತ್ತಿನ ಕಾನೂನಿನವರೆಗೂ, ಆ ಹಣ ವಸೂಲು ಮಾಡಿ ಹಂಚುವ ಐಸ್ಗೆ ಸಂಸ್ಥೆ 1990ರಲ್ಲಿ ಹುಟ್ಟುವವರೆಗೂ ಕಾಯಬೇಕಾಯಿತು. ಅಷ್ಟರಲ್ಲಿ ಮೊದಲ ತಲೆಮಾರಿನ ಕೂದಲು ನರೆತಿತ್ತು. ಕೈಯಲ್ಲಿ ದಾಖಲೆಯಿಲ್ಲ, ಕೂಡಿಟ್ಟ ಹಣವಿಲ್ಲ, ಇದ್ದದ್ದು ಕಸುಬು. ಕಸುಬನ್ನು ಮಾರಲಾಗದು, ಹೇಳಿಕೊಡಬಹುದು.

ಹೇಳಿಕೊಡುವುದಕ್ಕೂ ಒಂದು ವಿಧಾನ ಬೇಕಲ್ಲ? ಅದನ್ನು ತಂದವರಲ್ಲಿ ಮುಖ್ಯರು ವಿಲಿಯಂ ಲೇಟನ್. ಕಾನ್ಸಾಸ್‌ನ ಈ ಅಮೆರಿಕನ್ ನ್ಯೂಯಾರ್ಕಿನಲ್ಲಿ ನಟನೆಯ ಗುರು ಸ್ಯಾನ್‌ಫರ್ಡ್ ಮೈಸ್ನರ್ ಬಳಿ ಕಲಿತವರು. ಎರಡನೆಯ ಮಹಾಯುದ್ಧದಲ್ಲಿ ಕಿವಿ ಕಳೆದುಕೊಂಡಿದ್ದರು. 1960ರಲ್ಲಿ ರಂಗ ನಿರ್ದೇಶಕ ಮಿಗೆಲ್ ನಾರೊಸ್ ಮುಂತಾದವರ ಜೊತೆಗೂಡಿ ಮ್ಯಾಡ್ರಿಡ್‌ನಲ್ಲಿ ನಾಟಕ ಶಾಲೆ ತೆರೆದ ಈ ಕಿವುಡ ಮೇಷ್ಟ್ರು ವಿದ್ಯಾರ್ಥಿಗಳಿಗೆ ಪಟ್ಟು ಹಿಡಿದು ಕಲಿಸಿದ್ದು, ಎದುರಿನವರ ಮಾತನ್ನು ಕೇಳಿಸಿಕೊಳ್ಳುವುದನ್ನು. ಅಲ್ಲಿಯವರೆಗೆ ಸ್ಪೇನಿನ ರಂಗದ ಮೇಲೆ ನಿಮ್ಮ ಸರದಿ ಬಂದಾಗ ಚೆನ್ನಾಗಿ ಮಾತನಾಡಿದರೆ ಸಾಕಿತ್ತು. ಎದುರಿನವನು ಏನಂದ, ಹೇಗಂದ ಎಂಬುದಕ್ಕೆ ಮೈ ಮಿಡಿಯಬೇಕು ಎಂಬುದು ಹೊಸ ಮಾತು. ಗಾಯಕಿ, ನಟಿ ಅನಾ ಬೆಲೆನ್ ಅವರಂಥವರು ಆ ಶಾಲೆಯಿಂದಲೇ ಬಂದವರು.

1975ರ ಫೆಬ್ರವರಿಯಲ್ಲಿ, ಸರ್ವಾಧಿಕಾರಿ ಫ್ರಾಂಕೋ ಇನ್ನೂ ಬದುಕಿರುವಾಗಲೇ, ನಟರು ಮುಷ್ಕರ ಹೂಡಿದರು. ಮ್ಯಾಡ್ರಿಡ್‌ನ ರಂಗಮಂದಿರಗಳು ಕತ್ತಲಾದವು. ದಿನಕ್ಕೆ ಎರಡರ ಬದಲು ಒಂದೇ ಪ್ರದರ್ಶನ, ನಾವೇ ಆರಿಸಿದ ಪ್ರತಿನಿಧಿಗಳೊಂದಿಗೆ ಮಾತುಕತೆ ಎಂಬಂಥ ಬೇಡಿಕೆಗಳು. ಇಂದು ಓದಿದರೆ ಇಷ್ಟಕ್ಕೇ ಮುಷ್ಕರವೇ ಎನಿಸುತ್ತದೆ. ಟಿವಿಯಲ್ಲಿ ಜನ ದಿನವೂ ನೋಡುತ್ತಿದ್ದ ತೀನಾ ಸೈನ್ಸ್, ಗಾಯಕಿ ಹಾಗೂ ನಟಿ ರೊಸಿಯೊ ದುರ್ಕಾಲ್ ಅವರನ್ನೂ ಪೊಲೀಸರು ಹಿಡಿದೊಯ್ದರು. ನಟನೆ ಕೂಲಿಯ ಕೆಲಸ, ಅದಕ್ಕೆ ಗಂಟೆಯ ಲೆಕ್ಕವಿದೆ ಎಂದು ಆ ದೇಶ ಎದುರಾಎದುರು ಕೇಳಿಸಿಕೊಂಡದ್ದು ಆಗಲೇ.

ಪ್ರಜಾಪ್ರಭುತ್ವ ಬಂದ ಮೇಲೆ ಕಾಗದಪತ್ರಗಳೂ ಬಂದವು. 1985ರ ಸರ್ಕಾರಿ ಆದೇಶವೊಂದು ಕಲಾವಿದರ ಕೆಲಸವನ್ನು ವಿಶೇಷ ಉದ್ಯೋಗ ಸಂಬಂಧ ಎಂದು ಗುರುತಿಸಿತು. ಮರುವರ್ಷದ ಇನ್ನೊಂದು ಆದೇಶ ಅವರನ್ನು ಸಾಮಾನ್ಯ ಸಾಮಾಜಿಕ ಭದ್ರತೆಯೊಳಗೆ ತಂದಿತು. ಅದೇ ಆದೇಶದ ಶೀರ್ಷಿಕೆಯಲ್ಲಿ ಕಲಾವಿದರ ಜೊತೆ ಸಾಲಾಗಿ ನಿಂತವರು ರೈಲ್ವೆ ನೌಕರರು, ಫುಟ್‌ಬಾಲ್ ಆಟಗಾರರು, ವ್ಯಾಪಾರಿ ಪ್ರತಿನಿಧಿಗಳು ಮತ್ತು ಗೂಳಿ ಕಾಳಗದವರು. ಎಲ್ಲಿಗೂ ಸಲ್ಲದವರನ್ನು ಒಂದೇ ಬೆಂಚಿನ ಮೇಲೆ ಕೂರಿಸಿದ ಹಾಗೆ. ನಗು ಬರುತ್ತದೆ, ಆದರೆ ಕಲಾವಿದರಿಗೆ ಇದರಿಂದ ಒಳ್ಳೆಯದೇ ಆಯಿತು. ತೊಡಕು ಇದ್ದದ್ದು ಬೇರೆಡೆ: ವೇದಿಕೆಯ ಮೇಲಿನ, ಕ್ಯಾಮೆರಾ ಮುಂದಿನ ಕೆಲಸವಷ್ಟೇ ‘ಕಲಾವಿದರ ಕೆಲಸ’. ಬೆಳಗ್ಗೆ ಹತ್ತಕ್ಕೆ ಹುಡುಗರನ್ನು ಕೂರಿಸಿಕೊಂಡು ಅದೇ ದೃಶ್ಯವನ್ನು ಬಿಡಿಸಿ ತೋರಿಸುವುದು ಬೇರೆ ಕಡತಕ್ಕೆ ಹೋಯಿತು.

ಅಷ್ಟು ಹೊತ್ತಿಗೆ ಖಾಸಗಿ ಶಾಲೆಗಳು ತಲೆಯೆತ್ತಿದ್ದವು. ಅರ್ಜೆಂಟೀನಾದಲ್ಲಿ ಸೇನಾಡಳಿತ ಪತಿಯನ್ನು ‘ಕಾಣೆ’ ಮಾಡಿದ ಮೇಲೆ ಮಕ್ಕಳನ್ನು ಕಟ್ಟಿಕೊಂಡು ಬಂದ ನಟಿ ಕ್ರಿಸ್ತೀನಾ ರೋತಾ ಮ್ಯಾಡ್ರಿಡ್‌ನಲ್ಲಿ ಶಾಲೆ ಶುರುಮಾಡಿದರು. ಮುಂದೆ ಪೆನೆಲೋಪೆ ಕ್ರೂಸ್ ಅಲ್ಲಿ ಕಲಿತರು. ಲವಾಪಿಯೆಸ್ ಬಡಾವಣೆಯ ಅವರ ‘ಸಾಲಾ ಮಿರಾದೋರ್’ ರಂಗಮಂದಿರದಲ್ಲಿ ವಿದ್ಯಾರ್ಥಿಗಳ ಪ್ರದರ್ಶನ ನೋಡಲು ಬಂದವರ ಕೈಗೆ ಟೊಮೆಟೊ ಕೊಡುತ್ತಾರೆ. ದೃಶ್ಯ ಹಿಡಿಸದಿದ್ದರೆ ಎಸೆಯಬಹುದು. ಬಿಳಿ ಅಂಗಿಯ ಮೇಲೆ ಕೆಂಪು ರಸ ಇಳಿಯುತ್ತಿರುವಾಗ ಮಾತು ಮುಂದುವರಿಸುವುದು ಹೇಗೆಂದು ಪುಸ್ತಕದಲ್ಲಿ ಬರೆಯಲಾಗದು.

1990ರಲ್ಲಿ ಎರಡು ಸಂಗತಿಗಳು ಡಿಕ್ಕಿ ಹೊಡೆದವು. ಜನವರಿಯಲ್ಲಿ ಆಂತೆನಾ ತ್ರೆಸ್, ಮಾರ್ಚ್‌ನಲ್ಲಿ ತೆಲೆಸಿಂಕೊ; ಖಾಸಗಿ ವಾಹಿನಿಗಳು ಕಾಲಿಟ್ಟವು. ಅದೇ ವರ್ಷದ ಶಿಕ್ಷಣ ಕಾಯ್ದೆ ನಾಟಕ ಶಾಲೆಯ ಕಲಿಕೆಗೆ ಪದವಿಗೆ ಸಮನಾದ ಸ್ಥಾನ ಕೊಟ್ಟಿತು. ಒಂದು ಕಡೆ ದಿನವಹಿ ಧಾರಾವಾಹಿಗಳಿಗೆ ರಾಶಿ ರಾಶಿ ಹೊಸ ಮುಖಗಳು ಬೇಕಾದವು. ‘ಅಲ್ ಸಲೀರ್ ದೆ ಕ್ಲಾಸೆ’ಯಂಥ ಧಾರಾವಾಹಿ 1997ರಿಂದ ಐದು ವರ್ಷ ಹದಿಹರೆಯದವರನ್ನೇ ನೆಚ್ಚಿ ನಡೆಯಿತು. ಮುಖ ಸಿಕ್ಕಿತು, ತರಬೇತಿ ಆಗಬೇಕು. ಹಿರಿಯ ನಟಿಯರ ತರಗತಿಗಳಿಗೆ ಕೇಳಿಕೆ ಬಂತು. ಇನ್ನೊಂದು ಕಡೆ ಸರ್ಕಾರಿ ಶಾಲೆಯ ಕೆಲಸಕ್ಕೆ ಪದವಿ, ಸ್ಪರ್ಧಾತ್ಮಕ ಪರೀಕ್ಷೆ ಬೇಕಾಯಿತು. ‘ಎಸ್ತುದಿಯೊ ಉನೊ’ದಲ್ಲಿ ಇಪ್ಪತ್ತು ವರ್ಷ ಸವೆಸಿದ್ದಕ್ಕೆ ಯಾರೂ ಸರ್ಟಿಫಿಕೇಟ್ ಕೊಟ್ಟಿರಲಿಲ್ಲ. ಅವರ ಪಾಲಿಗೆ ಉಳಿದದ್ದು ಖಾಸಗಿ ಶಾಲೆ, ವಾರಾಂತ್ಯದ ಕಾರ್ಯಾಗಾರ, ಮನೆಯ ಹಜಾರ. ವಾಹಿನಿಯವರಿಗೆ ಮಾತ್ರ ಶಾಲೆಯೇ ಕಥಾವಸ್ತುವಾಯಿತು: 2002ರ ‘ಉನ್ ಪಾಸೊ ಅದೆಲಾಂತೆ’ ಧಾರಾವಾಹಿಯಲ್ಲಿ ಹಿರಿಯ ನಟಿ ಲೋಲಾ ಎರೇರಾ ಕಲಾಶಾಲೆಯ ಮುಖ್ಯಸ್ಥೆಯ ಪಾತ್ರ ಮಾಡಿದರು.

ಈ ದಾರಿಯಲ್ಲಿ ತಿರುಗುಮುರುಗಾಗಿ ನಡೆದವರೂ ಇದ್ದಾರೆ. ಸೆವಿಲ್ಲೆಯ ಮರಿಯಾ ಗಲಿಯಾನಾ ದಶಕಗಳ ಕಾಲ ಪ್ರೌಢಶಾಲೆಯಲ್ಲಿ ಇತಿಹಾಸ ಹೇಳಿಕೊಟ್ಟವರು. ನಟನೆ ಬಿಡುವಿನ ವೇಳೆಯದು. 1999ರ ‘ಸೋಲಾಸ್’ ಚಿತ್ರದಲ್ಲಿ ಹಳ್ಳಿಯಿಂದ ಮಗಳ ಬಾಡಿಗೆ ಮನೆಗೆ ಬರುವ ತಾಯಿಯಾಗಿ ಅವರು ಸ್ಪೇನಿನ ದೊಡ್ಡ ಸಿನಿಮಾ ಗೌರವವಾದ ಗೋಯಾ ಪ್ರಶಸ್ತಿ ಪಡೆದರು. ಪಕ್ಕದ ಮನೆಯ ಮುದುಕನಾಗಿ ಅದೇ ಪ್ರಶಸ್ತಿ ಸಮಾರಂಭದಲ್ಲಿ ಗೆದ್ದ ಕಾರ್ಲೊಸ್ ಆಲ್ವಾರೆಸ್-ನೋವೊಆ ಕೂಡ ಸಾಹಿತ್ಯದ ಮೇಷ್ಟ್ರು. ಕೆಲಸದಿಂದ ನಿವೃತ್ತರಾದ ಬಳಿಕ, 2001ರ ಸೆಪ್ಟೆಂಬರ್‌ನಲ್ಲಿ ಗಲಿಯಾನಾ ‘ಕ್ವೆಂತಾಮೆ’ಯ ಅಜ್ಜಿ ಎರ್ಮಿನಿಯಾ ಆದರು. 1968ರಿಂದಾಚೆಗಿನ ಸ್ಪೇನಿನ ಕಥೆಯನ್ನು ಒಂದು ಮಧ್ಯಮ ವರ್ಗದ ಮನೆಯ ಮೂಲಕ ಹೇಳಿದ ಆ ಧಾರಾವಾಹಿ 2023ರವರೆಗೆ, 413 ಕಂತು ನಡೆಯಿತು. ಮೊದಲ ಕಂತಿನಲ್ಲೇ ಆ ಮನೆಗೆ ಟಿವಿ ಬರುತ್ತದೆ.

ಎರ್ಮಿನಿಯಾ ಮತ್ತು ವಾಲೆಂತೀನಾ ಇದ್ದ ದೃಶ್ಯಗಳನ್ನು ಹಾಗೆ ನೋಡಿದರೆ ಬೇರೆಯೇ ರುಚಿ. ಒಬ್ಬರು ಆ ಕಾಲದ ಟಿವಿಯೊಳಗೇ ಇದ್ದ ನಟಿ, ಇನ್ನೊಬ್ಬರು ಆ ಕಾಲವನ್ನು ಕಂಡು ಮುಂದೆ ಇತಿಹಾಸದ ಪಾಠ ಹೇಳಿದವರು. ಇಬ್ಬರೂ ಏನೂ ತಿಳಿಯದ ಮುದುಕಿಯರಂತೆ ಹರಟುತ್ತಾರೆ. ಗಲಿಯಾನಾ ಅವರಿಗೆ ಸರ್ಕಾರಿ ಸಂಬಳವಿತ್ತು. ಬೇಡದ ಪಾತ್ರವನ್ನು ಬೇಡ ಎನ್ನುವ ಸ್ವಾತಂತ್ರ್ಯ ಅಲ್ಲಿಂದ ಬರುತ್ತದೆ. ಹೊಟ್ಟೆಪಾಡಿಗೆ ನಟನೆಯನ್ನೇ ನಂಬಿದವರಿಗೆ ಆ ಭಾಗ್ಯ ಅಪರೂಪ.

2008ರ ಆರ್ಥಿಕ ಕುಸಿತದ ನಂತರ ಅದು ಅಂಕಿಗಳಲ್ಲೇ ಕಾಣಿಸಿತು. 2012ರಲ್ಲಿ ನಾಟಕ, ಸಿನಿಮಾ ಟಿಕೆಟ್ಟಿನ ತೆರಿಗೆ ಶೇ 8ರಿಂದ ಶೇ 21ಕ್ಕೆ ಜಿಗಿಯಿತು. ಐಸ್ಗೆ 2016ರಲ್ಲಿ ಪ್ರಕಟಿಸಿದ ಸಮೀಕ್ಷೆಯ ಪ್ರಕಾರ ನಟನೆಯಿಂದಲೇ ಬದುಕು ಸಾಗಿಸಬಲ್ಲವರು ನೂರಕ್ಕೆ ಸುಮಾರು ಎಂಟು ಮಂದಿ. ಇದೇ ಹೊತ್ತಿಗೆ ಪಿಂಚಣಿ ಪಡೆಯುತ್ತ ಗೌರವಧನವನ್ನೂ ಪಡೆದ ಹಿರಿಯ ಲೇಖಕರಿಗೆ ದಂಡದ ನೋಟಿಸುಗಳು ಹೋದವು. ಬರೆದರೆ ಪಿಂಚಣಿ ಬಿಡಿ, ಪಿಂಚಣಿ ಬೇಕಾದರೆ ಬರೆಯಬೇಡಿ! ಗದ್ದಲವಾಯಿತು. 2018ರ ಸೆಪ್ಟೆಂಬರ್‌ನಲ್ಲಿ ಸಂಸತ್ತು ಕಲಾವಿದರ ಶಾಸನದ ವರದಿಯನ್ನು ಒಮ್ಮತದಿಂದ ಒಪ್ಪಿತು. ಉಳಿದ ಯಾವುದರಲ್ಲೂ ಒಮ್ಮತವಿಲ್ಲದ ಸಂಸತ್ತು ಅದು.

ಜಾರಿಗೆ ಬಂದದ್ದು ತುಂಡುತುಂಡಾಗಿ. 2018ರ ಡಿಸೆಂಬರ್‌ನಲ್ಲಿ ಮೊದಲ ಕಂತು, 2022ರ ಮಾರ್ಚ್‌ನಲ್ಲಿ ಕಲಾವಿದರ ಹೊಸ ಬಗೆಯ ಕರಾರು, 2023ರ ಜನವರಿಯಲ್ಲಿ ಪೂರ್ತಿ ಪಿಂಚಣಿಯ ಜೊತೆಗೆ ಕಲೆಯ ಕೆಲಸಕ್ಕೂ ಅವಕಾಶ. ಅದೇ ವರ್ಷದ ಜುಲೈನಿಂದ ಕಲಾವಿದರಿಗೇ ಮೀಸಲಾದ ನಿರುದ್ಯೋಗ ಭತ್ಯೆ. 2024ರ ಜೂನ್‌ನಲ್ಲಿ ಉನ್ನತ ಕಲಾಶಿಕ್ಷಣಕ್ಕೆಂದೇ ಪ್ರತ್ಯೇಕ ಕಾಯ್ದೆ ಬಂದು ನಾಟಕ ಶಾಲೆಗಳ ಪದವಿಗೆ ವಿಶ್ವವಿದ್ಯಾಲಯದ ಪದವಿಯ ಹೆಸರೇ ದಕ್ಕಿತು. ಇವೆಲ್ಲ ಸಣ್ಣ ಗೆಲುವುಗಳಲ್ಲ. ಆದರೆ ಕಲಾವಿದರ ಕಡತ, ಶಿಕ್ಷಣದ ಕಡತ ಇಂದಿಗೂ ಬೇರೆ ಬೇರೆ ಕಪಾಟಿನಲ್ಲೇ ಇವೆ.

ಆ ಭತ್ಯೆ ಪಡೆಯುವ ಒಂದು ದಾರಿ ಹೀಗಿದೆ: ಹಿಂದಿನ ಹದಿನೆಂಟು ತಿಂಗಳುಗಳಲ್ಲಿ ಅರವತ್ತು ದಿನ ಕಲಾವಿದೆಯಾಗಿ ಕೆಲಸ ಮಾಡಿರಬೇಕು. ಧಾರಾವಾಹಿಯಲ್ಲಿ ಅಜ್ಜಿಯ ಪಾತ್ರದ ಮೂರು ದಿನ ಲೆಕ್ಕಕ್ಕೆ ಬರುತ್ತವೆ, ಜಾಹೀರಾತಿನ ಒಂದು ದಿನವೂ ಬರುತ್ತದೆ. ಶನಿವಾರ ಬೆಳಗ್ಗೆ ಹನ್ನೆರಡು ಮಂದಿ ಹುಡುಗ ಹುಡುಗಿಯರನ್ನು ಎದುರಿಗೆ ನಿಲ್ಲಿಸಿಕೊಂಡು, ಒಬ್ಬೊಬ್ಬರಿಗೂ ಕೇಳಿಸಿಕೊಳ್ಳುವುದನ್ನು ಕಲಿಸಿದ ದಿನ ಆ ಅರವತ್ತರಲ್ಲಿ ಸೇರುವುದಿಲ್ಲ.